ಗೋಡೆಯಾಚೆಯ ಉಸ್ತಾದರೂ ನನ್ನ ಬಲತೊಡೆಯೂ

ಚಟ್! ಚಟ್! ಆ ಕಾಲದಲ್ಲಿ ಚಿತ್ರದುರ್ಗದ ನಮ್ಮ ಬೀದಿಗೆ ಅಲಾರಂ ಗಡಿಯಾರ ಬೇಕಿರಲಿಲ್ಲ. ನಮ್ಮ ಹಿತ್ತಲ ಗೋಡೆಯಾಚೆಗೇ ಗರಡಿಮನೆ. ಬೆಳಗಾಗುತ್ತಲೇ ಪೈಲ್ವಾನರು ತೊಡೆ ತಟ್ಟುವ ಸದ್ದು. ಅದರ ಹಿಂದೆಯೇ ಎಣ್ಣೆ, ಅರಿಸಿನ ಬೆರೆಸಿದ ಕೆಮ್ಮಣ್ಣಿನ ವಾಸನೆ. "ಶುರುವಾತು ಇವರದು" ಎಂದು ಗೊಣಗುತ್ತಲೇ ಅಜ್ಜಿ ಒಲೆ ಹಚ್ಚುತ್ತಿದ್ದಳು.

ನನಗಾಗ ಹನ್ನೊಂದು ವರ್ಷ. ಕಾನ್ವೆಂಟಿನಲ್ಲಿ ಸಿಕ್ಸ್ತ್ ಸ್ಟ್ಯಾಂಡರ್ಡ್. ಸೀತಾಫಲದ ಆಸೆಗೆ ಅದೇ ಗೋಡೆ ಹತ್ತಿ, ಬಿದ್ದು, ಬಲಮಂಡಿಯ ಚಿಪ್ಪು ಸೀಳಿಸಿಕೊಂಡೆ. ಎರಡು ತಿಂಗಳು ಪ್ಲಾಸ್ಟರ್. ಅದನ್ನು ಕತ್ತರಿಸಿ ತೆಗೆದಾಗ ಒಳಗಿದ್ದದ್ದು ನನ್ನ ಕಾಲೇ ಅಲ್ಲ, ನಮ್ಮ ಕ್ಲಾಸಿನ ಸಿಸ್ಟರ್ ಕೈಯ ಬೆತ್ತ! ನೋವೇನೂ ಇರಲಿಲ್ಲ. ಆದರೆ ಮೆಟ್ಟಿಲಿಳಿಯಲು ಹೋದರೆ ಮಂಡಿ ಗಕ್ಕನೆ ಮಡಚಿಕೊಳ್ಳುತ್ತಿತ್ತು.

ಅಷ್ಟರಲ್ಲಿ ಕ್ಲಾಸ್ ಪಿಕ್‌ನಿಕ್ ಗೊತ್ತಾಯಿತು, ಎರಡು ತಿಂಗಳು ಬಿಟ್ಟು, ಕೋಟೆಗೆ. ಸಿಸ್ಟರ್ ಬಲು ಪ್ರೀತಿಯಿಂದ ಹೇಳಿದರು: "ಯು ಪೂರ್ ಚೈಲ್ಡ್, ನೀನು ಗೇಟ್ ಹತ್ತಿರ ಕೂತು ಟಿಫನ್ ಕ್ಯಾರಿಯರ್ ನೋಡಿಕೋ." ಆ 'ಪೂರ್ ಚೈಲ್ಡ್'ಗೆ ನನ್ನ ಮೈಯೆಲ್ಲ ಉರಿದುಹೋಯಿತು. ಕ್ಲಾಸಿಗೆ ಕ್ಲಾಸೇ ಕಡಿದಾದ ಬಂಡೆಯ ಮೇಲಿನ ತುಪ್ಪದ ಕೊಳದ ಬತೇರಿ ಹತ್ತುವಾಗ ನಾನು ಚಿತ್ರಾನ್ನ ಕಾಯಬೇಕೆ?

ಹಿತ್ತಲಲ್ಲಿ ಕೂತು ಅಳುತ್ತಿದ್ದೆ. ಗೋಡೆಯ ಮೇಲೊಂದು ತಲೆ ಎದ್ದಿತು. ಹಗಲು ಬಡಗಿ, ಬೆಳಗ್ಗೆ ಸಂಜೆ ಗರಡಿಯ ಗುರು, ಪೀರಾಸಾಬ್ ಉಸ್ತಾದರು.

"ಯಾಕ್ ಬೇಟಿ?"

"ಕಾಲು ಹೋತು."

"ಎಲ್ಲಿಗೋತು? ಅಲ್ಲೇ ಐತಲ್ಲ! ತೊಡೆ ನಿದ್ದೆ ಮಾಡೈತೆ ಅಷ್ಟೆ. ತಟ್ಟು, ನೋಡಾಣ."

ತಟ್ಟಿದೆ. ಎಡತೊಡೆ ಚಟ್ ಅಂದಿತು. ಬಲತೊಡೆ, ನಾದಿದ ಹಿಟ್ಟಿಗೆ ಹೊಡೆದ ಹಾಗೆ, ಥಪ್.

ಗರಡಿಯೊಳಗೆ ಹೆಣ್ಣುಮಕ್ಕಳು ಕಾಲಿಡುವ ಹಾಗಿರಲಿಲ್ಲ. ಉಸ್ತಾದರು ನಿಯಮ ಮುರಿಯಲಿಲ್ಲ, ನನ್ನನ್ನೂ ಬಿಡಲಿಲ್ಲ. ಪಾಠವೆಲ್ಲ ಗೋಡೆಯ ಮೇಲಿಂದಲೇ.

"ತೊಡೆ ಮುಂದ್ಗಡೆ ನಾಕು ಜನ ಅಣ್ತಮ್ಮಂದ್ರು ಅವ್ರೆ. ಒಬ್ಬ ಸೊಂಟದಿಂದ ಇಳಿದು ಬರ್ತಾನೆ, ಮೂವರು ತೊಡೆ ಎಲುಬಿಗೇ ಅಂಟ್ಕಂಡವ್ರೆ. ನಾಕೂ ಜನ ಒಂದೇ ಹಗ್ಗ ಹಿಡಿದು ಮಂಡಿಚಿಪ್ಪು ಎಳೆದ್ರೆ ಕಾಲು ನೆಟ್ಟಗಾಗ್ತೈತೆ. ಮಂಡಿ ಮೇಲೆ ಒಳಮಗ್ಗುಲಾಗೆ ಇರೋ ಕಿರಿಯೋನು ಬಲು ಸೋಮಾರಿ. ಮೊದ್ಲು ಮಲಗ್ತಾನೆ, ಕೊನೀಗೆ ಏಳ್ತಾನೆ. ಅವನ್ನ ಎಬ್ಸು."

ಮುಂದೆ ಹೈಸ್ಕೂಲಿನ ಬಯಾಲಜಿ ಚಾರ್ಟಿನಲ್ಲಿ 'ಕ್ವಾಡ್ರಿಸೆಪ್ಸ್' ಕಂಡಾಗ ನಾಲ್ವರನ್ನೂ ನೋಡಿದೊಡನೆ ಗುರುತಿಸಿದೆ. ಲ್ಯಾಟಿನ್ ಹೆಸರು ಇಟ್ಟುಕೊಂಡು ಕೂತಿದ್ದರು, ಅಷ್ಟೇ.

ಮೊದಲು, ಮಂಡಿಯಡಿ ಟವೆಲ್ ಸುತ್ತಿಟ್ಟು ನೆಲಕ್ಕೆ ಒತ್ತುವುದು. ಆಮೇಲೆ ಕಾಲು ಮಡಚದೆ ಮೇಲೆತ್ತುವುದು. ವಾರಗಳಾದ ಮೇಲೆ ಗೋಡೆಗೆ ಬೆನ್ನು ಕೊಟ್ಟು, ಇಲ್ಲದ ಕುರ್ಚಿಯಲ್ಲಿ ಕೂರುವುದು. ಆಚೆಯಿಂದ ಕೂಗುತ್ತಿದ್ದರು:

"ಕುಂತ್ಯಾ?"

"ಕುಂತೆ!"

"ಸುಳ್ಳು. ಕುಂತೋರ ದನಿ ಇಷ್ಟು ಆರಾಮಾಗಿರಲ್ಲ. ಇನ್ನೂ ಇಳಿ."

ನಾನು ದಿನಾ ತೊಡೆ ತಟ್ಟಿ ಸದ್ದು ಪರೀಕ್ಷಿಸುವುದನ್ನು ಕಂಡು ಅಜ್ಜಿ ಹೌಹಾರಿದಳು. "ಹೆಣ್ಣುಡುಗಿ ತೊಡೆ ತಟ್ತಾಳೇನೇ? ಯಾರ ಮೇಲೆ ಕುಸ್ತಿಗೆ ಹೊಂಟೀಯೆ?"

"ಸಿಸ್ಟರ್ ಮೇಲೆ."

ಅಜ್ಜಿ ಸೆರಗಿನಲ್ಲಿ ನಗು ಮುಚ್ಚಿಕೊಂಡು, ಹುರಿದ ಶೇಂಗಾ ಒಂದು ಹಿಡಿ ಕೈಗೆ ಹಾಕಿದಳು.

ಪಿಕ್‌ನಿಕ್ ದಿನ ಕ್ಯಾರಿಯರ್‌ಗಳನ್ನೆಲ್ಲ ವಾಚ್‌ಮನ್‌ಗೆ ಒಪ್ಪಿಸಿ, ಸಾಲಿನ ಹಿಂದೆ ಸೇರಿಕೊಂಡುಬಿಟ್ಟೆ. ಹತ್ತಿದ್ದೇನೂ ದೊಡ್ಡದಲ್ಲ. ಇಳಿಯುವಾಗಲೇ ಉಸ್ತಾದರ ಮಾತು ನೆನಪಾದದ್ದು: "ಇಳಿವಾಗ ಮೈಭಾರ ಎಲ್ಲ ತೊಡೆ ಮೇಲೇ ಬೀಳ್ತೈತೆ. ಒಂದೇ ಸಲ ಬಿಡಬ್ಯಾಡ. ಹಿಡ್ಕಂಡೇ ಸ್ವಲ್ಪ ಸ್ವಲ್ಪ ಬಿಡು." ಬಂಡೆಯಲ್ಲಿ ಕೊರೆದ ಒಂದೊಂದು ಗುಳಿಗೂ ಕಾಲಿಟ್ಟಾಗ ತೊಡೆ ನಡುಗಿತು, ಮಂಡಿ ಮಡಚಲಿಲ್ಲ. ಉಳಿದವರು ಕೂತು ಜಾರುತ್ತ ಸ್ಕರ್ಟ್ ಕೆಂಪು ಮಾಡಿಕೊಂಡರು. ನಾನು ನಿಂತೇ ಇಳಿದೆ.

ಕೆಳಗೆ ಸಿಸ್ಟರ್ ಕಾದಿದ್ದರು, ಮುಖ ಕೆಂಪಗೆ. ಅವರು ಬಾಯಿ ತೆರೆಯುವ ಮೊದಲೇ ಬಲತೊಡೆ ತಟ್ಟಿದೆ. ಚಟ್!

"ಶೇಮ್‌ಲೆಸ್ ಗರ್ಲ್! ನೀಲ್ ಡೌನ್!"

ಎಲ್ಲರ ಊಟ ಮುಗಿಯುವವರೆಗೂ ಮಂಡಿಯೂರಿದ್ದೆ. 'ಗೆಟ್ ಅಪ್' ಅಂದಾಗ ನೆಲಕ್ಕೆ ಕೈಯೂರದೆ ಎದ್ದೆ. ಸಾರಿ ಹೇಳಲಿಲ್ಲ. ಇವತ್ತಿಗೂ ಹೇಳಿಲ್ಲ.

ಈಗ ಎಪ್ಪತ್ತು ದಾಟಿದೆ. ಮೊನ್ನೆ ಫಿಸಿಯೋಥೆರಪಿ ಹುಡುಗಿ ಮಂಡಿಯಡಿ ಟವೆಲ್ ಇಡುವ ಮೊದಲೇ ನಾನು ಒತ್ತಲು ಸಿದ್ಧಳಾದೆ. "ಆಂಟಿ, ಯೂಟ್ಯೂಬ್ ನೋಡಿದ್ರಾ?" ಅಂದಳು. ಗೋಡೆ ನೋಡಿದ್ದೆನಮ್ಮ, ಬರೀ ಗೋಡೆ. ಆ ಗೋಡೆ ಈಗಿಲ್ಲ. ಗರಡಿಯೂ ನಮ್ಮ ಹಿತ್ತಲೂ ಸೇರಿ ಒಂದೇ ಕಾಂಪ್ಲೆಕ್ಸ್ ಆಗಿವೆ. ಬೆಳಗ್ಗೆ ಕೇಳುವುದು ಶಟರ್ ಎತ್ತುವ ಸದ್ದು.

ಉಸ್ತಾದರನ್ನು ಕೊನೆಯ ಸಲ ನೋಡಿದ್ದು, ಇಪ್ಪತ್ತೈದು ವರ್ಷದ ಹಿಂದೆ, ಆ ಕಾಂಪ್ಲೆಕ್ಸ್ ಏಳುವಾಗಲೇ. ಮಗನ ಮನೆ ಮುಂದೆ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತಿದ್ದರು. ಕಣ್ಣು ಮಂಜಾಗಿತ್ತು, ನನ್ನ ಗುರುತು ಹತ್ತಲಿಲ್ಲ. ಹೆಸರು ಹೇಳದೆ ಸೀರೆಯ ಮೇಲೆಯೇ ಬಲತೊಡೆ ತಟ್ಟಿದೆ. ಮುಖ ಅರಳಿತು. "ಕಿರಿಯೋನು ಇನ್ನೂ ಎದ್ದೇ ಅವ್ನೆ, ಬೇಟಿ!"

ಏಳಲು ಹೊರಟರು. ನಾನು ಕೈ ಚಾಚಿದೆ. "ಹಿಡೀಬ್ಯಾಡ." ಎರಡು ಸಲ ಕುರ್ಚಿಗೇ ಕುಸಿದು, ಮೂರನೇ ಸಲಕ್ಕೆ ಎದ್ದು ನಿಂತರು. ಲುಂಗಿಯ ಮೇಲೆ ತಮ್ಮ ತೊಡೆ ತಟ್ಟಿಕೊಂಡರು. ಸದ್ದೇ ಬರಲಿಲ್ಲ.

"ಕೇಳಿಸ್ತಾ?" ಅಂದರು.

"ಗೋಡೆ ಆಚೆಗೂ ಕೇಳಿಸ್ತು, ಉಸ್ತಾದ್" ಅಂದೆ.