ಸಹಿ ಇಲ್ಲದ ಪುಟ

ವೆಂಕಟರಮಣ ಅಂಕಲ್‌ಗೆ ಎಂಬತ್ತೆರಡು ವರ್ಷ. ಇಲ್ಲಿ ಅಮೆರಿಕದ ವಿಮಾನ ಕಾರ್ಖಾನೆಯಲ್ಲಿ ಮೂವತ್ತು ವರ್ಷ ರೆಕ್ಕೆಗಳ ತಪಾಸಣೆ ಮಾಡಿದವರು. ಕೂದಲೆಳೆಯಷ್ಟು ಬಿರುಕು ಕಂಡರೂ ಬರೆದಿಡದೆ ಸಹಿ ಹಾಕಿದವರಲ್ಲ. ನಾರ್ತ್ ಕ್ರೀಕ್‌ನಲ್ಲಿ ನಾವು ಅವರ ಪಕ್ಕದ ಮನೆ ಕೊಂಡಾಗ, ಗೃಹಪ್ರವೇಶದ ದಿನವೇ ಗೋಡೆಯ ಮೂರು ಬಿರುಕು ತೋರಿಸಿ ಪಾಯಸ ಕುಡಿದು ಹೋದ ಆಸಾಮಿ. ಆದರೆ ನನ್ನ ಕೆಲಸ ಹೋಗಿ ಮಂಕಾಗಿ ಕೂತಿದ್ದಾಗ ದಿನಾ ಬಂದು ವಾಕಿಂಗ್‌ಗೆ ಎಳೆದೊಯ್ದವರೂ ಅವರೇ. ಅದನ್ನು ನಾನು ಮರೆಯಲಾರೆ. ಕಣ್ಣು ಮಂಜಾದ ಮೇಲೆ, ತಮ್ಮ ಹಳೆಯ ನೋಟ್‌ಬುಕ್ ಓದಿ ಹೇಳು ಶಾಮಲಾ ಎಂದಾಗ ಎರಡು ಮಾತಿಲ್ಲದೆ ಒಪ್ಪಿದೆ.

ಕನ್ನಡ ಸಂಘದ ಸಂಚಿಕೆಗೆ ಅವರು ಬರೆಯುತ್ತಿದ್ದುದು ನಗೆಬರಹ. ಇದು ಬೇರೆ. ಏಳು ವರ್ಷದ ಹಿಂದೆ ಮೊಮ್ಮಗಳು ಗ್ರೀಷ್ಮಾ ಅಮೆರಿಕದ ಸೇನೆಯ ನರ್ಸ್ ಆಗಿ ಅಫ್ಘಾನಿಸ್ತಾನದಲ್ಲಿದ್ದಾಗ ಬರೆದದ್ದು. ‘ಅಂದು ಬ್ರಿಟಿಷರು ನಮ್ಮನ್ನು ಉದ್ಧಾರ ಮಾಡಲು ಬಂದರು. ಇಂದು ನಾವು ಇನ್ನೊಬ್ಬರನ್ನು ಉದ್ಧಾರ ಮಾಡಲು ಹೋಗಿದ್ದೇವೆ. ಸೋತಾಗಿದೆ, ಒಪ್ಪಿಕೊಳ್ಳುವವರಿಲ್ಲ.’ ಪ್ರತಿ ಪುಟದ ಕೊನೆಗೂ, ತಪಾಸಣೆಯ ಹಾಳೆಯಂತೆ, ‘ಮಗು ಕ್ಷೇಮ’ ಎಂದು ಬರೆದು ಸಹಿ. ಅವಳ ಫೋನ್ ಬಂದ ಮೇಲೆಯೇ ಆ ಸಹಿ. ಫೋನಿನಲ್ಲಿ ಮಾತ್ರ ಊಟ, ನಿದ್ದೆ ವಿಚಾರಿಸಿ ಸುಮ್ಮನಾಗುತ್ತಿದ್ದರಂತೆ. ಈ ದೇಶದ ಅನ್ನ ತಿಂದವನು, ಅದರ ಯುದ್ಧಕ್ಕೆ ಹೋದ ಮಗುವಿಗೆ ಇದನ್ನು ಹೇಗೆ ಹೇಳಲಿ ಎಂದರು. ಅವಳಿಗೆ ಕನ್ನಡ ಓದಲು ಬರದು. ಆದರೂ ತಾವು ಹೋದ ಮೇಲೆ ಯಾರಾದರೂ ಓದಿ ಹೇಳಿದರೆ ಅವಳ ಮನಸ್ಸು ಮುರಿದೀತೆಂದು, ಒಮ್ಮೆ ಕೇಳಿಸಿಕೊಂಡು ಹರಿದುಹಾಕುವ ಯೋಚನೆ.

ಗ್ರೀಷ್ಮಾ ಈಗ ಅವರ ಜೊತೆಗೇ ಇದ್ದಾಳೆ. ನಾನು ಓದುತ್ತಿದ್ದ ಭಾನುವಾರ ಆಸ್ಪತ್ರೆಯ ಡ್ಯೂಟಿಯಿಂದ ಬೇಗ ಬಂದವಳು ಬಾಗಿಲಲ್ಲೇ ನಿಂತು ಕೇಳಿಸಿಕೊಂಡಿದ್ದಳು. ಓದಲು ಬಾರದಿದ್ದರೇನು, ಕೇಳಿದರೆ ಎಲ್ಲ ಅರ್ಥವಾಗುತ್ತದೆ. ಅವಳನ್ನು ಕಂಡು ನಾನು ನಿಲ್ಲಿಸಿದೆ. “ಯಾರು, ಗ್ರೀಷ್ಮಾನಾ?” ಎನ್ನುತ್ತ ಅಂಕಲ್ ನೋಟ್‌ಬುಕ್ ಮುಚ್ಚಲು ಕೈಚಾಚಿದರು.

“ಡೋಂಟ್ ಸ್ಟಾಪ್, ಆಂಟಿ,” ಎಂದು ಅವರ ಪಕ್ಕ ಬಂದು ಕೂತಳು. ಅಲ್ಲಿ ಯುದ್ಧದಲ್ಲಿ ಯಾರೂ ಈ ಸೋಲಿನ ಮಾತು ಆಡುತ್ತಿರಲಿಲ್ಲವಂತೆ, ಇಲ್ಲಿಗೆ ಬಂದರೆ ಎಲ್ಲರೂ ಸೇನೆಯಲ್ಲಿದ್ದುದಕ್ಕೆ ಕೈಕುಲುಕಿ ಥ್ಯಾಂಕ್ಸ್ ಹೇಳುವವರೇ. ಹೀಗನ್ನಿಸಿದ್ದು ತನಗೊಬ್ಬಳಿಗೇ ಎಂದುಕೊಂಡು ಇಷ್ಟು ವರ್ಷ ಒಳಗೇ ಒದ್ದಾಡಿದ್ದಳಂತೆ. ತಾತ ಬರೆದಿಟ್ಟಿದ್ದಾರಲ್ಲ, ಅಷ್ಟೇ ಸಾಕು ಎಂದು ಅವರ ಕೈ ಹಿಡಿದಳು.

“ಬಿರುಕು ಕಂಡಿತ್ತು ಕಣಮ್ಮ. ನಿನ್ನ ಹತ್ರ ಹೇಳೋಕೆ ಧೈರ್ಯ ಬರ್ಲಿಲ್ಲ,” ಎಂದರು ಅಂಕಲ್.

ನಾನು ಮುಂದಿನ ಪುಟ ತಿರುಗಿಸಿದೆ. ತಾರೀಖು ಬಿಟ್ಟರೆ ಏನೂ ಇಲ್ಲ, ಸಹಿಯೂ ಇಲ್ಲ. ತಾರೀಖು ಓದಿ ಹೇಳಿದಾಗ, ಆ ವರ್ಷದಲ್ಲಿ ಅವಳ ಫೋನ್ ಬಾರದ ಒಂದೇ ದಿನ ಅದು ಎಂದರು ಅಂಕಲ್. ಗ್ರೀಷ್ಮಾ ನನ್ನಿಂದ ಪೆನ್ನು ಇಸಿದುಕೊಂಡು, ಆ ಪುಟದ ಕೊನೆಯಲ್ಲಿ ಇಂಗ್ಲಿಷಿನಲ್ಲಿ ತನ್ನ ಹೆಸರು ಬರೆದಳು. ಕಣ್ಣು ಕಾಣದ ಅಂಕಲ್ ಏನು ಬರೆದೆ ಎಂದು ಕೇಳಿದರು.

“ಮಗು ಕ್ಷೇಮ, ತಾತ,” ಎಂದಳು, ಕನ್ನಡದಲ್ಲೇ.