ಅಜ್ಜ ತಾರದ ಧಕ್ಕೆ

ಕುಮಟೆಯಿಂದ ಭಟ್ಕಳಕ್ಕೆ ಹೊರಟ ಬಸ್ಸು ಹೊನ್ನಾವರದಲ್ಲಿ ನಿಂತಾಗ ಒಣಮೀನಿನ ಬುಟ್ಟಿಯೊಂದು ಹತ್ತಿತು. ಮುಂದಿನ ಸೀಟಿನವರು ಕರವಸ್ತ್ರ ಹುಡುಕಿದರು. ನಾನು ಮೀನು ತಿನ್ನುವ ಮನೆಯವನಲ್ಲ. ಆದರೂ, ನಂಬಿ, ಆ ವಾಸನೆಗೆ ನನಗೆ ನೆನಪಾಗುವುದು ನನ್ನ ಅಜ್ಜ. ಅವರೂ ಮೀನು ತಿಂದವರಲ್ಲ.

ಅಜ್ಜ ಸಂತೆಗುಳಿಯವರು, ಕುಮಟೆಯಲ್ಲಿ ಶಾಲಾ ಮಾಸ್ತರರು. ರಾಜ್ಯ ಒಂದಾದ ಹೊಸತರಲ್ಲಿ ಜನ ಅವರನ್ನು ಎಳೆದುಕೊಂಡು ಹೋಗಿ ಚುನಾವಣೆಗೆ ನಿಲ್ಲಿಸಿದರು, ಅಜ್ಜ ಗೆದ್ದೂಬಿಟ್ಟರು. ಶಾಸಕರಾದ ಮೇಲೂ ಎದುರಿಗಿದ್ದವರ ಕನ್ನಡ ತಿದ್ದುವ ಚಟ ಬಿಡಲಿಲ್ಲ. ಆ ಚಟ ನನಗೂ ಬಂದಿದೆ. ನನಗೆ ಮಾತ್ರ ಮನೆಯೊಳಗೂ ಒಂದು ಮತ ಬೀಳಲಿಕ್ಕಿಲ್ಲ.

ಇಂಥವರು ಎಡವಿದ್ದು ಒಂದು ಕನ್ನಡ ಶಬ್ದದಲ್ಲಿ. ತೆಂಗಿನಗುಂಡಿ ಕಡೆಯ ಒಂದು ಕೇರಿಯವರಿಗೆ ದೋಣಿ ತಂದು ನಿಲ್ಲಿಸಿ ಮೀನು ಇಳಿಸಲು ಧಕ್ಕೆ, ಎಂದರೆ ನೀರಂಚಿಗೆ ಒಂದು ಕಟ್ಟೆ, ಬೇಕಿತ್ತು. ಅಜ್ಜ ಬೆಂಗಳೂರಿಗೆ ಹೋಗಿ ಮಂತ್ರಿಗಳ ಮುಂದೆ ಅರ್ಜಿ ಇಟ್ಟರು. ಮಂತ್ರಿಗಳು "ಆಯ್ತು ಮೇಷ್ಟ್ರೇ, ಆಯ್ತು" ಅಂದರಂತೆ. ನಮ್ಮಲ್ಲಿ ಆತು ಅಂದರೆ ಆತು, ಕೆಲಸ ಮುಗಿದ ಹಾಗೆ. ಆ ಕಡೆಯ ಆಯ್ತು ಎಂದರೆ 'ಕೇಳಿದೆ, ಇನ್ನು ಏಳಿ' ಎಂದೂ ಇರಬಹುದೆಂದು, ಮುಂಬಯಿ ಸರಕಾರದ ಕಾಲದಲ್ಲಿ ಮರಾಠಿ ಅರ್ಜಿ ಬರೆದು ಪಳಗಿದ ಅಜ್ಜನಿಗೆ ಹೇಗೆ ಗೊತ್ತಾಗಬೇಕು? ಬಸ್ಸಿಳಿದವರೇ ಕೇರಿಗೆ ಹೋಗಿ "ಧಕ್ಕೆ ಆತು" ಎಂದರು. ಮೀನು ಮಾರುವ ದೇವಮ್ಮ ಎಂಬವಳು, ಜಾಗ ಬಿಡಬೇಕಲ್ಲ ಎಂದು, ದಡದ ಮೇಲಿದ್ದ ಫಲ ಬಿಡುತ್ತಿದ್ದ ತನ್ನ ಎರಡು ತೆಂಗಿನ ಮರ ಕಡಿಸಿಬಿಟ್ಟಳು.

ಧಕ್ಕೆ ಬರಲಿಲ್ಲ. ಅರ್ಜಿ ಮಂತ್ರಿಗಳ ಮೇಜು ಬಿಟ್ಟು ಹೊರಟೇ ಇಲ್ಲವೆಂದು ಅಜ್ಜನಿಗೆ ತಿಳಿಯುವಾಗ ಮುಂದಿನ ಚುನಾವಣೆ ಎದುರಿಗಿತ್ತು. ಜೊತೆಯವರು "ಮತ ಬೀಳೂವರೆಗೆ ಸುಮ್ನಿರಿ" ಎಂದರು. ಅಜ್ಜ ಕೇಳಲಿಲ್ಲ. ಒಬ್ಬರೇ ಕೇರಿಗೆ ಹೋಗಿ, "ಧಕ್ಕೆ ಆಗಲಿಲ್ಲ. ನಾನು ತಪ್ಪು ತಿಳಿದೆ, ನಿಮಗೂ ತಪ್ಪು ಹೇಳಿದೆ" ಎಂದರು. ಗಂಡಸರು ಎದ್ದು ಹೋದರು. ದೇವಮ್ಮ ಮಾತ್ರ ಕೂತಿದ್ದಳಂತೆ.

"ಮರ ಹೋಯ್ತು ಮಾಸ್ತರೇ, ಹೊಟ್ಟೆ ಉರೀತದೆ. ಆದ್ರೆ ಹೇಳೂಕಾದ್ರೂ ನೀವು ಬಂದ್ರಲ್ಲ" ಎಂದು ಅವರ ಚೀಲಕ್ಕೆ ಒಂದು ಪೊಟ್ಟಣ ಒಣಮೀನು ಹಾಕಿದಳು. ಅಜ್ಜ ಅದನ್ನು ಹೊತ್ತುಕೊಂಡೇ ಮನೆಗೆ ಬಂದರು.

ಮನೆಯಲ್ಲಿ ಅಜ್ಜಿ ಮೂಗು ಮುಚ್ಚಿಕೊಂಡು, "ಚೀಲ ಹೊರಗೇ ಇರ್ಲಿ. ನೀವೂ ಅಲ್ಲೇ ಇರಿ" ಎಂದರು. ಪೊಟ್ಟಣ ಬೇರೆಯವರ ಮನೆ ಸೇರಿತು, ವಾಸನೆ ಚೀಲದಲ್ಲೇ ಉಳಿಯಿತು. ಚುನಾವಣೆಯಲ್ಲಿ ಸೋತ ಮೇಲೂ ಅಜ್ಜ ಅದೇ ಚೀಲ ಹಿಡಿದು ಓಡಾಡಿದರು. ನನಗೆ ಅಕ್ಷರ ತಿದ್ದಿಸಿದ ಪಾಟಿ ಹೊರಬರುತ್ತಿದ್ದದ್ದೂ ಅದರಿಂದಲೇ. ಅವರೆಂದರೆ ನನಗೆ ಬಹಳ ಪ್ರೀತಿ. ಆ ಪ್ರೀತಿಯಲ್ಲೇ ನಾನೊಂದು ಸುಳ್ಳು ಬರೆದಿದ್ದೆ.

ಭಟ್ಕಳದ ಮುದ್ರಣಾಲಯಕ್ಕೆ ನಾನು ಒಯ್ಯುತ್ತಿದ್ದದ್ದು ಅಜ್ಜನ ಸ್ಮರಣಸಂಚಿಕೆಯ ಬರಹ. ಸಾಧನೆಗಳ ಪಟ್ಟಿ ತೀರ ಗಿಡ್ಡವಾಯಿತೆಂದು ಅಣ್ಣ ಗೊಣಗಿದ್ದ. "ಧಕ್ಕೆ ತಂದ್ರು ಹೇಳಿ ಬರಿ. ಈಗ ಯಾರಿಗೆ ಗೊತ್ತಿದ್ದು?" ಎಂದಿದ್ದ. ಬರೆದುಬಿಟ್ಟಿದ್ದೆ. ಬಸ್ಸಿನ ಆ ಬುಟ್ಟಿಯ ವಾಸನೆ ಭಟ್ಕಳದವರೆಗೂ ನನ್ನ ಜೊತೆಗೇ ಬಂತು.

ಮುದ್ರಣಾಲಯದಲ್ಲಿ ಪೆನ್ನು ಕೇಳಿ ಪಡೆದು ಆ ಸಾಲು ಹೊಡೆದುಹಾಕಿದೆ. 'ಧಕ್ಕೆ ಆಗಲಿಲ್ಲವೆಂದು ಚುನಾವಣೆಗೆ ಮೊದಲೇ ತಾವೇ ಹೋಗಿ ಹೇಳಿದರು; ಸೋತರು' ಎಂದು ಬರೆದೆ. ಕಂಪ್ಯೂಟರಿನ ಮುಂದಿದ್ದ ಹೆಂಗಸು ಎರಡು ಸಲ ಓದಿ, "ಇದನ್ನೂ ಸಾಧನೆಯಲ್ಲೇ ಹಾಕೂದಾ ಸರ್?" ಎಂದಳು.

"ಹೌದು. ಮೊದಲನೇದಾಗಿ ಹಾಕಿ" ಎಂದೆ.