ಲೈಟ್ ಸ್ವಲ್ಪ ಮೇಲೆ, ಅಂಕಲ್

ಇದು ಕಟ್ಟಿದ ಕತೆ ಅನ್ನಿಸಿದರೆ ಅಜ್ಜಂಪುರಕ್ಕೆ ಬನ್ನಿ. ನಮ್ಮ ಸ್ಟುಡಿಯೋದ ಒಳಕೋಣೆಯಲ್ಲಿ ಆ ಫೋಟೋ ಇನ್ನೂ ಇದೆ, ಗೋಡೆಗೆ ಮುಖ ಮಾಡಿ ಇಟ್ಟಿದ್ದೇನೆ. ತಿರುಗಿಸಿ ನೋಡುವ ಗುಂಡಿಗೆ ನಿಮಗಿದ್ದರೆ ನೋಡಿ. ನಾನಂತೂ ಆ ಕೋಣೆಗೆ ಕಾಲಿಟ್ಟರೆ ಬೇಕಾದ್ದು ತೆಗೆದುಕೊಂಡು ತಕ್ಷಣ ಹೊರಗೆ ಬರುತ್ತೇನೆ.

ಸ್ಟುಡಿಯೋ ಅಪ್ಪನದು. ಅವನ ಕಣ್ಣು ಮಂಜಾದ ಮೇಲೆ ಕ್ಯಾಮೆರಾ ನನ್ನ ಕೈಗೆ ಬಂತು, ಲೈಟ್ ಹಿಡಿಯುವ ಕೆಲಸ ಅವನ ಪಾಲಿಗೆ ಹೋಯಿತು. ಮದುವೆಮನೆಗಳಲ್ಲಿ ಜನ ರೇಗಿಸುತ್ತಾರೆ, ಮಗಳು ಯಜಮಾನಿ ಅಪ್ಪ ಆಳು ಅಂತ. ಅಪ್ಪ ನಗುತ್ತಾನೆ. ಲೈಟ್ ಹಿಡಿದವನು ಯಾವ ಫೋಟೋದಲ್ಲೂ ಬೀಳುವುದಿಲ್ಲ, ಅದೇ ಆರಾಮ ಅನ್ನುತ್ತಾನೆ.

ಹೇಮಾ ನಮ್ಮಲ್ಲಿಗೆ ಬಂದದ್ದು ಕಾಲೇಜಿಗೆ ಪಾಸ್‌ಪೋರ್ಟ್ ಸೈಜ್ ಫೋಟೋ ತೆಗೆಸಲು. ಬುಕ್ಕಾಂಬುಧಿಯ ಆಚೆಗಿನ ಒಂದು ಹಳ್ಳಿಯ ಹುಡುಗಿ, ಹತ್ತೊಂಬತ್ತರ ಪ್ರಾಯ. ಫೋಟೋ ಕೈಗೆ ಬಂದ ಮೇಲೂ ಹೋಗಲಿಲ್ಲ. "ಅಕ್ಕಾ, ಇದನ್ನ ಒಂದ್ಸಲ ಹಿಡ್ಕೊಂಡು ನೋಡ್ಲಾ?" ಅಂತ ಕ್ಯಾಮೆರಾಕ್ಕೆ ಕೈಚಾಚಿದಳು. ಆಮೇಲೆ ಬಿಡಲೇ ಇಲ್ಲ. ಒಂದು ವರ್ಷಕ್ಕೆ ನನ್ನ ಜೊತೆ ಮದುವೆಗಳಿಗೆ ಎರಡನೇ ಕ್ಯಾಮೆರಾ ಹಿಡಿದು ಬರತೊಡಗಿದಳು. ನಿಜ ಹೇಳುತ್ತೇನೆ, ನನಗಿಂತ ಚೆನ್ನಾಗಿ ತೆಗೆಯುತ್ತಿದ್ದಳು. ನನಗೆ ಹೊಟ್ಟೆಕಿಚ್ಚೂ ಆಗುತ್ತಿತ್ತು, ಹೆಮ್ಮೆಯೂ ಆಗುತ್ತಿತ್ತು.

ಹೊತ್ತು ಕಳೆದಂತೆ ಅಪ್ಪನ ಕೈ ಸೋತು ಲೈಟ್ ಕೆಳಗೆ ಜಗ್ಗುತ್ತದೆ. ನಾನಾದರೆ ಗದರುತ್ತೇನೆ. ಅವಳು ಕ್ಯಾಮೆರಾದಿಂದ ಕಣ್ಣು ತೆಗೆಯದೆ ಮೆಲ್ಲಗೆ ಹೇಳುತ್ತಿದ್ದಳು, "ಲೈಟ್ ಸ್ವಲ್ಪ ಮೇಲೆ, ಅಂಕಲ್." ಫೋಟೋ ಆದ ಮೇಲೆ, "ಹ್ಞಾಂ, ಇಳಿಸಿ." ಆ ಮಾತು ಬರುವವರೆಗೂ ಅಪ್ಪ ಕೈ ಇಳಿಸುತ್ತಿರಲಿಲ್ಲ. ಅವರಿಬ್ಬರ ನಡುವೆ ಅದೊಂದು ಆಟವಾಗಿಬಿಟ್ಟಿತ್ತು.

ಇದೆಲ್ಲ ಅವಳ ಅಪ್ಪ ಗಂಗಾಧರಪ್ಪನಿಗೆ ಗೊತ್ತಿರಲಿಲ್ಲ. ತೆಂಗಿನಕಾಯಿ ವ್ಯಾಪಾರದ ಮನುಷ್ಯ, ಊರಲ್ಲಿ ಅವನದೇ ಮಾತು. ತರೀಕೆರೆಯ ಒಂದು ಮದುವೆಯಲ್ಲಿ ಗಂಡಸರ ನಡುವೆ ಸ್ಟೂಲ್ ಹತ್ತಿ ಫೋಟೋ ತೆಗೆಯುತ್ತಿದ್ದ ಮಗಳನ್ನು ನೆಂಟರು ಯಾರೋ ಕಂಡು ಚಾಡಿ ಹೇಳಿದರು. ಮನೆಯಲ್ಲಿದ್ದ ಅವಳ ಫೋಟೋಗಳನ್ನೆಲ್ಲ ಒಟ್ಟಿ ಸುಟ್ಟನಂತೆ. ಮೊಬೈಲನ್ನು ರುಬ್ಬುವ ಕಲ್ಲಿನ ಮೇಲಿಟ್ಟು ಜಜ್ಜಿದನಂತೆ. ಅದೇ ವಾರ ಗಂಡು ಗೊತ್ತು ಮಾಡಿದ.

ಒಂದು ಮಧ್ಯಾಹ್ನ ಅವಳು ತಪ್ಪಿಸಿಕೊಂಡು ನಮ್ಮ ಸ್ಟುಡಿಯೋಕ್ಕೆ ಓಡಿಬಂದಳು. ನಾನು ಲಿಂಗದಹಳ್ಳಿಯಲ್ಲಿ ಒಂದು ನಾಮಕರಣಕ್ಕೆ ಹೋಗಿದ್ದೆ. ಅಪ್ಪ ಒಬ್ಬನೇ ಇದ್ದ.

"ಅಂಕಲ್, ಅಕ್ಕ ಬರೋಗಂಟ ಒಳಗೆ ಕೂತಿರ್ತೀನಿ. ನಮ್ಮಪ್ಪಂಗೆ ಮಾತ್ರ ಹೇಳ್ಬೇಡಿ," ಅಂದಳಂತೆ.

ಅಪ್ಪ ಅವಳನ್ನು ಒಳಕೋಣೆಯಲ್ಲಿ ಕೂರಿಸಿ ಟೀ ಮಾಡಿಕೊಟ್ಟ. ಹೊರಗೆ ಬಂದು ಗಂಗಾಧರಪ್ಪನಿಗೆ ಫೋನ್ ಮಾಡಿದ.

ನಾನು ವಾಪಸ್ ಬಂದಾಗ ಟೀ ಲೋಟ ಅಲ್ಲೇ ಇತ್ತು, ಅರ್ಧ ಕುಡಿದಿದ್ದಳು.

"ಅವ್ನೂ ಹೆಣ್ಮಗಳ ತಂದೆ ಕಣೇ ಪುಟ್ಟಿ. ಎದೆ ಒಡ್ಕೊಂಡು ಹುಡುಕ್ತಿರ್ತಾನೆ ಅಂತ ಮಾಡ್ದೆ," ಅಂದ ಅಪ್ಪ.

"ನಾನೇ ಯಾರ ಮನೆಗಾದ್ರೂ ಓಡ್ಹೋಗಿದ್ರೆ ಅವ್ರೂ ಹಿಂಗೇ ಹಿಡ್ಕೊಡ್ಬೇಕಿತ್ತಾ?"

ನನ್ನ ಜನ್ಮದಲ್ಲಿ ಅಪ್ಪನನ್ನು ಅಷ್ಟು ದ್ವೇಷಿಸಿದ್ದು ಅದೇ ಮೊದಲು.

ಮರುದಿನ ಸಂಜೆ ಗಂಗಾಧರಪ್ಪನ ಫೋನ್. ದನಿ ಒಂದಿಷ್ಟೂ ನಡುಗಲಿಲ್ಲ. "ಮಗಳು ಹೋಗ್ಬಿಟ್ಲು. ಹೊಟ್ಟೆನೋವು. ಬೆಳಗಿನ ಜಾವಕ್ಕೇ ಮಣ್ಣು. ಮನೇಲಿ ಒಂದೂ ಫೋಟೋ ಇಲ್ಲ, ಬಂದು ತಕ್ಕೊಡಿ."

ಹೋಗಬೇಕು ಅಂತ ನಾನೇ ನಿರ್ಧರಿಸಿದೆ. ಅಳುವುದಕ್ಕಲ್ಲ. ಅವಳ ಮೈಮೇಲೆ ನನ್ನ ಕ್ಯಾಮೆರಾಕ್ಕೆ ಒಂದು ಗುರುತು ಸಿಕ್ಕರೆ ಸಾಕು, ಆ ಮನುಷ್ಯನನ್ನು ಕಂಬಿ ಎಣಿಸುವಂತೆ ಮಾಡಬೇಕು ಅಂತ ಹಲ್ಲು ಕಚ್ಚಿಕೊಂಡಿದ್ದೆ. ಅಪ್ಪ ಆಗಲೇ ಲೈಟಿನ ಬ್ಯಾಗ್ ಹೆಗಲಿಗೆ ಹಾಕಿಕೊಂಡು ನಿಂತಿದ್ದ.

"ನೀನು ಬರೋದು ಬೇಡ."

"ಲೈಟ್ ಯಾರು ಹಿಡೀತಾರೆ?" ಅಂದ.

ಬುಕ್ಕಾಂಬುಧಿ ಕೆರೆ ಏರಿಯ ಮೇಲೆ ನಮ್ಮ ಹಳೇ ಓಮ್ನಿ ಬಿಟ್ಟರೆ ಇನ್ನೊಂದು ಗಾಡಿ ಇರಲಿಲ್ಲ. ಕಪ್ಪೆಗಳು ಒಂದೇ ಸಮ ವಟಗುಟ್ಟುತ್ತಿದ್ದವು. ಏರಿಯ ನಡುಮಧ್ಯಕ್ಕೆ ಬರುತ್ತಿದ್ದಂತೆ ಎಲ್ಲ ಒಟ್ಟಿಗೆ ಬಾಯಿ ಮುಚ್ಚಿದವು... ಕಿಟಕಿಯಿಂದ ಕೆಸರಿನ ವಾಸನೆ ಒಳಗೆ ನುಗ್ಗಿತು.

ಅಂಗಳದಲ್ಲಿ ಭಜನೆ ನಡೆಯುತ್ತಿತ್ತು. ಒಳಗೆ ಪಡಸಾಲೆಯಲ್ಲಿ, ನಮ್ಮ ಕಡೆ ಮಾಡುವಂತೆ, ಹೇಮಾಳನ್ನು ಕುರ್ಚಿಯಲ್ಲಿ ಕೂರಿಸಿದ್ದರು. ಸೊಂಟಕ್ಕೆ ಬಟ್ಟೆ ಕಟ್ಟಿ ಕುರ್ಚಿಗೆ ಬಿಗಿದಿದ್ದರು. ಹಣೆತುಂಬ ವಿಭೂತಿ. ಊದುಬತ್ತಿ ಹೊಗೆಗೂ ಸುಗಂಧರಾಜದ ವಾಸನೆಗೂ ತಲೆ ತಿರುಗಿತು. ಹಾರ ಮಾತ್ರ ಎದೆಯ ಮೇಲೆ ಇಳಿಬಿದ್ದಿರಲಿಲ್ಲ. ಕತ್ತಿಗೆ ಮಫ್ಲರ್ ಸುತ್ತಿದಂತೆ ಸುತ್ತಿದ್ದರು, ಗಲ್ಲದವರೆಗೂ ಹೂವೇ.

ನನಗೆ ಅರ್ಥವಾಯಿತು. ಅಪ್ಪನಿಗೂ ಆಯಿತು.

ಸಾವಿನ ಮನೆಯಲ್ಲಿ ಫೋಟೋದವರು ಬಾಯಿ ಬಿಡಬಾರದು. ನಿಂತವರಿಗೆ ಕೈಸನ್ನೆ ಮಾಡಬೇಕು, ಅಷ್ಟೆ. ಅಪ್ಪ ನನಗೆ ಕಲಿಸಿದ ಮೊದಲ ಪಾಠ ಅದು. ನಾನು ಸನ್ನೆಯಲ್ಲೇ ಮನೆಯವರನ್ನು ನಿಲ್ಲಿಸಿದೆ. ನನ್ನ ಬಲಕ್ಕೆ ಬರುವಂತೆ ಕುರ್ಚಿಯ ಪಕ್ಕ ಗಂಗಾಧರಪ್ಪ, ಹಿಂದೆ ಅವಳಮ್ಮ. ಅಪ್ಪ ನನ್ನ ಎಡಗಡೆ, ಫೋಟೋದ ಆಚೆ, ಲೈಟ್ ಹಿಡಿದು ನಿಂತ. ಒಂದೆರಡು ಫೋಟೋ ತೆಗೆದೆ. ಅವಳ ತಲೆ ತುಸು ವಾಲಿತ್ತು. ಎಷ್ಟು ಮದುವೆ, ಎಷ್ಟು ನಾಮಕರಣಗಳ ಅಭ್ಯಾಸ ನೋಡಿ, ಬಾಯಿಂದ ಬಂದೇಬಿಟ್ಟಿತು...

"ಹೇಮಾ, ಈ ಕಡೆ ನೋಡೇ."

ಹೊರಗೆ ತಾಳ ಬಡಿಯುತ್ತಿದ್ದವರೂ ಲಯ ತಪ್ಪಿ ನಿಲ್ಲಿಸಿದರು. ಅವಳಮ್ಮ ಸೆರಗನ್ನು ಬಾಯಿಗೆ ತುರುಕಿಕೊಂಡಳು. ಗಂಗಾಧರಪ್ಪ ನನ್ನನ್ನು ನುಂಗುವಂತೆ ನೋಡಿದ. ಅಷ್ಟರಲ್ಲಿ ಅಪ್ಪ ಲೈಟನ್ನು ತಲೆಯ ಮೇಲಕ್ಕೆ ಎತ್ತಿ ಹಿಡಿದ. ನಾನು ಕಣ್ಣುಮುಚ್ಚಿ ಗುಂಡಿ ಒತ್ತಿದೆ, ಒತ್ತುತ್ತಲೇ ಹೋದೆ.

ಹೊರಡುವಾಗ ಗಂಗಾಧರಪ್ಪ ಬಾಗಿಲವರೆಗೆ ಬಂದ. "ಕಂಪ್ಯೂಟರ್‌ನಲ್ಲಿ ಕಣ್ಣು ತೆರ್ಸಿ ಕೊಡವ್ವ. ಮುಚ್ಚಿರೋದು ಗೋಡೆಗೆ ಹಾಕಕ್ಕಾಗಲ್ಲ." ಹೀಗೆ ಕೇಳುವವರು ಇರುತ್ತಾರೆ. ರೆಪ್ಪೆಯ ಮೇಲೆ ಕಣ್ಣು ಕೂರಿಸಿ ಕೊಡುವುದು ನಮ್ಮ ಕೆಲಸವೇ. ಆಯಿತು ಅಂದೆ.

ಕೆರೆ ಏರಿಯ ಮೇಲೆ ಕೇಳಿದೆ, "ಆಗ ಯಾಕಪ್ಪ ಲೈಟ್ ಅಷ್ಟು ಮೇಲಕ್ಕೆತ್ತಿದೆ?"

"ನೀನೇ ಅಂದ್ಯಲ್ಲ."

"ನಾನೇನೂ ಅನ್ಲಿಲ್ಲ."

"ಅಂದೆ ಕಣೇ. ಮೆಲ್ಲಗೆ... ಲೈಟ್ ಸ್ವಲ್ಪ ಮೇಲೆ..."

ಆಮೇಲೆ ಇನ್ನೊಂದು ಪದ ಇತ್ತು. ಅಪ್ಪ ಅದನ್ನು ನುಂಗಿಕೊಂಡ. ನಾನೂ ಕೇಳಲಿಲ್ಲ. ಮನೆ ತಲುಪುವವರೆಗೂ ಹಿಂದಿನ ಸೀಟಿನಿಂದ ಸುಗಂಧರಾಜದ ವಾಸನೆ ಬರುತ್ತಿತ್ತು.

ಆ ರಾತ್ರಿಯೇ ಕಂಪ್ಯೂಟರ್ ಮುಂದೆ ಕೂತೆ. ಮೊದಲಿನ ಫೋಟೋಗಳಲ್ಲಿ ಕಣ್ಣು ಮುಚ್ಚಿತ್ತು. ನಾನು ಮಾತಾಡಿದ ಮೇಲಿನದರಲ್ಲಿ... ತೆರೆದಿತ್ತು. ನೇರ ನನ್ನನ್ನೇ ನೋಡುತ್ತಿತ್ತು. ಅದರ ಮುಂದಿನದರಲ್ಲಿ ನೋಟ ಬಲಕ್ಕೆ ಹೊರಳಿತ್ತು. ಕೊನೆಯದರಲ್ಲಿ ಮುಖ ಅಲುಗಿರಲಿಲ್ಲ, ಕಣ್ಣು ಮಾತ್ರ ಪೂರ್ತಿ ಓರೆಯಾಗಿ ಪಕ್ಕದಲ್ಲಿ ನಿಂತ ಅವಳಪ್ಪನ ಮುಖಕ್ಕೆ ನೆಟ್ಟಿತ್ತು. ಅವರ ಪಡಸಾಲೆಯಲ್ಲಿ, ಕ್ಯಾಮೆರಾ ಇಳಿಸಿದ ಮೇಲೂ, ನಾನು ಕಂಡದ್ದು ಮುಚ್ಚಿದ ರೆಪ್ಪೆಗಳನ್ನೇ, ಯಾರ ಮೇಲೆ ಬೇಕಾದರೂ ಆಣೆ ಮಾಡುತ್ತೇನೆ.

ಅಪ್ಪ ಹಿಂದೆ ನಿಂತು ನೋಡಿದ. ಮಂಜುಗಣ್ಣಿಗೂ ಕಂಡಿತು.

"ಅಳಿಸ್ಬಿಡು ಪುಟ್ಟಿ. ಕೈಮುಗೀತೀನಿ."

"ಕಣ್ಣು ತೆರೆದಿರೋದು ಬೇಕು ಅಂತ ಅವ್ರೇ ತಾನೆ ಕೇಳಿದ್ದು?" ಅಂದೆ.

ನನಗೆ ಹೆದರಿಕೆ ಇರಲಿಲ್ಲ ಅಂತಲ್ಲ. ಅದಕ್ಕಿಂತ ದೊಡ್ಡದಾಗಿ ಖುಷಿ ಇತ್ತು. ಕೊನೆಯ ಫೋಟೋವನ್ನೇ ದೊಡ್ಡದಾಗಿ ಹಾಕಿಸಿ, ಗಾಜು ಕಟ್ಟಿಸಿ, ನಾನೇ ಹೋಗಿ ಅವರ ಪಡಸಾಲೆಯಲ್ಲಿ ಮೊಳೆ ಹೊಡೆದು ನೇತುಹಾಕಿ ಬಂದೆ. ಗಂಗಾಧರಪ್ಪ ಅದರ ಮುಂದೆ ನಿಂತವನು ಒಂದು ಹೆಜ್ಜೆ ಪಕ್ಕಕ್ಕೆ ಸರಿದ. ಮತ್ತೆ ಒಂದು ಹೆಜ್ಜೆ ಸರಿದ. ನಾನು ಚಪ್ಪಲಿ ಮೆಟ್ಟಿಕೊಂಡು ಹೊರಟೆ.

ಕೆಲವು ದಿನಗಳಲ್ಲೇ ಫೋನ್ ಬರತೊಡಗಿತು. "ಅದೇನು ಮಾಡ್ಕೊಟ್ಟಿದ್ದೀಯಾ ನೀನು? ಉಣ್ಣಕ್ಕೆ ಕೂತ್ರೂ ನೋಡ್ತದೆ. ಮುಖ ಗೋಡೆಗೆ ತಿರುಗ್ಸಿಟ್ರೆ ಬೆಳಿಗ್ಗೆ ಈ ಕಡೆಗೇ ಇರ್ತದೆ... ನೋಡೋದು ನಿಲ್ಸು ಅಂತ ಹೇಳು ಅದಕ್ಕೆ!"

"ನಾನು ಹೇಳಿದ್ದು ಈ ಕಡೆ ನೋಡು ಅಂತ. ನಿಮ್ ಕಡೆ ನೋಡ್ತಿರೋದು ಅವಳೇ," ಅಂತ ಫೋನ್ ಇಟ್ಟೆ.

ಕೊನೆಗೆ ಒಂದು ಬೆಳಿಗ್ಗೆ ಗಂಗಾಧರಪ್ಪ ಬರಿಗಾಲಲ್ಲಿ ನಡೆದುಕೊಂಡು ಹೋಗಿ ಪೊಲೀಸರ ಮುಂದೆ ಕೂತ. ಯಾರೂ ಕೇಳುವ ಮೊದಲೇ ಎಲ್ಲ ಹೇಳಿದ. ನಾನೇ ಹಿಸುಕಿದೆ ಅಂದನಂತೆ. ಸುದ್ದಿ ಅಜ್ಜಂಪುರ ತಲುಪಿದ ದಿನ ನಾನು ಹೊಟ್ಟೆತುಂಬ ಉಂಡೆ. ಅಪ್ಪ ಅನ್ನ ಕಲಸಿಟ್ಟು ಎದ್ದುಹೋದ.

ಇಲ್ಲಿಗೆ ಮುಗಿದಿದ್ದರೆ ನಿಮಗೆ ಇದನ್ನು ಹೇಳುತ್ತಲೇ ಇರಲಿಲ್ಲ.

ಮುಂದಿನ ವಾರ ಹೇಮಾಳ ಅಮ್ಮ ಬಸ್ಸಿಳಿದು ಬಂದಳು. ಹಳೇ ಸೀರೆಯಲ್ಲಿ ಸುತ್ತಿದ ಫೋಟೋವನ್ನು ನನ್ನ ಮೇಜಿನ ಮೇಲಿಟ್ಟಳು.

"ತಗಳವ್ವ, ನಿಮ್ಮಲ್ಲೇ ಇರ್ಲಿ. ಇದು ಈಗ ನಮ್ಮನೇಲಿ ಯಾರ್ನೂ ನೋಡಲ್ಲ. ಬೇರೆ ಯಾರ್ನೋ ಹುಡುಕ್ತೈತೆ."

ಅವಳು ಹೋದ ಮೇಲೆ ಸೀರೆ ಬಿಚ್ಚಿದೆ. ಅದೇ ಫೋಟೋ, ಅದೇ ಗಾಜು. ಬಲಕ್ಕೆ ನಿಂತ ಗಂಗಾಧರಪ್ಪನ ಮೇಲೆ ಅವಳ ಕಣ್ಣಿರಲಿಲ್ಲ. ಇನ್ನೊಂದು ಕಡೆಗೆ, ಫೋಟೋದ ಅಂಚನ್ನೂ ದಾಟಿ, ಸ್ವಲ್ಪ ಮೇಲಕ್ಕೆ ನೋಡುತ್ತಿದ್ದಳು. ಅಲ್ಲಿ ಏನೂ ಇಲ್ಲವಲ್ಲ ಅಂತ ನೋಡಿದವರಿಗೆ ಅನ್ನಿಸಬೇಕು. ಅಲ್ಲಿ ಯಾರು ನಿಂತಿದ್ದರು ಅನ್ನುವುದು ಫೋಟೋ ತೆಗೆದ ನನಗೆ ಮಾತ್ರ ಗೊತ್ತು.

ಅಪ್ಪನಿಗೆ ತೋರಿಸಲಿಲ್ಲ. ಒಳಕೋಣೆಯಲ್ಲಿ ಗೋಡೆಗೆ ತಿರುಗಿಸಿಟ್ಟು ಚಿಲಕ ಹಾಕಿದೆ. ಆ ರಾತ್ರಿ ಸುಗಂಧರಾಜದ ವಾಸನೆಗೆ ಎಚ್ಚರವಾಯಿತು. ಕೆಳಗೆ ಸ್ಟುಡಿಯೋದಲ್ಲಿ ಬೆಳಕಿತ್ತು. ಮೆಟ್ಟಿಲಿಳಿದು ಹೋದೆ. ಒಳಕೋಣೆಯ ಬಾಗಿಲು ತೆರೆದಿತ್ತು. ಅಪ್ಪ ಬನಿಯನ್ನಿನಲ್ಲೇ ನಿಂತು ಲೈಟನ್ನು ತಲೆಯ ಮೇಲಕ್ಕೆ ಎತ್ತಿ ಹಿಡಿದಿದ್ದ. ತೋಳು ಗಡಗಡ ನಡುಗುತ್ತಿತ್ತು. ಮುಖತುಂಬ ಬೆವರು. ಫೋಟೋ ಅವನ ಕಡೆಗೆ ತಿರುಗಿತ್ತು.

"ಅಪ್ಪಾ... ಇಳಿಸು."

"ನೀನು ಹೇಳಿದ್ರೆ ಆಗಲ್ಲ ಕಣವ್ವ," ಅಂದ ಪಿಸುಮಾತಿನಲ್ಲಿ. "ಅವಳು ಇನ್ನೂ ಇಳಿಸಿ ಅಂದಿಲ್ಲ."

ಈಗ ದಿನವೂ ಹೀಗೇ. ಬೆಳಗಾದರೆ ಅವನಿಗೆ ಬಲಗೈಯಲ್ಲಿ ಕಾಫಿ ಲೋಟ ಎತ್ತಲಾಗುವುದಿಲ್ಲ. ದಿನದಿನಕ್ಕೆ ಇಳಿದುಹೋಗುತ್ತಿದ್ದಾನೆ. ಕಡೂರಿನ ಡಾಕ್ಟರು ನರದ ತೊಂದರೆ ಅಂತ ಮಾತ್ರೆ ಕೊಟ್ಟಿದ್ದಾರೆ. ಹೀಗೇ ಆದರೆ ಹೆಚ್ಚು ದಿನ ಉಳಿಯುವುದಿಲ್ಲ ಅಂತ ನನಗೆ ಗೊತ್ತು.

ನಾನು ನೋಡು ಅಂದದ್ದಕ್ಕೆ ಕಣ್ಣು ತೆರೆದವಳು ಅವಳು. ಸಾಕು ಬಿಡೇ ಹೇಮಾ, ನಮ್ಮಪ್ಪನನ್ನು ಬಿಟ್ಟುಬಿಡು ಅಂದರೆ ಕೇಳುತ್ತಾಳೋ ಏನೋ. ರಾತ್ರಿ ಆ ಬಾಗಿಲಲ್ಲಿ ನಿಂತಾಗ ಮಾತು ನಾಲಿಗೆಯ ತುದಿಯವರೆಗೂ ಬರುತ್ತದೆ. ಆಗೆಲ್ಲ ಆ ಅರ್ಧ ಕುಡಿದ ಟೀ ಲೋಟ ಕಣ್ಣಮುಂದೆ ಬರುತ್ತದೆ.

ನಾನಿನ್ನೂ ಕೇಳಿಲ್ಲ.